ಒಜು ಕಾದದ್ದು ತನ್ನ ಕ್ಯಾಮೆರಾಮನ್‌ಗಾಗಿ

ಜಪಾನಿ ನಿರ್ದೇಶಕ ಯಸುಜಿರೊ ಒಜು ಅವರ ಕ್ಯಾಮೆರಾಮನ್‌ ಬಗೆಗಿನ ಈ ಪಾಠದಲ್ಲಿ ಮೊದಲು ಎಡವುವುದು ಅವರ ಹೆಸರಿನಲ್ಲೇ. ಒಂದು ಕಡೆ ಹಿದೇಓ ಶಿಗೆಹಾರ ಅಂತ ಸಿಗುತ್ತದೆ, ಇನ್ನೊಂದು ಕಡೆ ಹಿದೇಓ ಮೊಹಾರ. ಇಬ್ಬರಲ್ಲ, ಒಬ್ಬರೇ. ಜಪಾನಿಯಲ್ಲಿ ಬರೆದ ಅದೇ ಹೆಸರನ್ನು ಎರಡು ಥರ ಓದಬಹುದು, ಅಷ್ಟೇ. ನಾನಂತೂ ಇಬ್ಬರಿಗೂ ಬೇರೆ ಬೇರೆ ಪುಟ ತೆಗೆದಿಟ್ಟು, ಆಮೇಲೆ ಒಂದನ್ನು ಹರಿದೆ.

ಶೋಚಿಕು ಎಂಬ ಚಿತ್ರ ಕಂಪನಿಯ ಕಮಾಟಾ ಸ್ಟುಡಿಯೋದಲ್ಲಿ ಒಜು ಅವರ ಮೂಕಿಚಿತ್ರಗಳನ್ನು ಹೆಚ್ಚಾಗಿ ಸೆರೆಹಿಡಿದವರು ಇವರು. ಹಲವಕ್ಕೆ ಸಂಕಲನವೂ ಇವರದೇ. ಒಜು ಅಂದರೆ ನೆಲಕ್ಕೆ ಹತ್ತಿರವಿಟ್ಟ ಕ್ಯಾಮೆರಾ ಎಂದು ಎಲ್ಲರೂ ಬರೆಯುತ್ತಾರೆ, ಅದರಲ್ಲಿ ದೊಡ್ಡ ದರ್ಶನ ಹುಡುಕುತ್ತಾರೆ. ಒಜು ಹೇಳಿಕೊಂಡ ಕಾರಣವೇ ಬೇರೆ: ಆಗ ಲೈಟುಗಳು ಕಡಿಮೆ, ಶಾಟ್‌ ಶಾಟ್‌ಗೂ ಎತ್ತಿಡಬೇಕು, ಎರಡು ಮೂರು ಶಾಟ್‌ ಆಗುವಷ್ಟರಲ್ಲಿ ನೆಲದ ತುಂಬ ವೈರು. ಅವನ್ನು ಸರಿಸುವುದೇ ರಗಳೆ. ಕ್ಯಾಮೆರಾ ಕೆಳಗಿಟ್ಟು ಮುಖ ಮೇಲೆ ಮಾಡಿದರೆ ವೈರು ಕಾಣುವುದಿಲ್ಲ!

ಇವರಿಬ್ಬರ 1932ರ ಚಿತ್ರವೊಂದನ್ನು ತಪ್ಪದೆ ನೋಡಿ. ಹೆಸರನ್ನು ಕನ್ನಡಕ್ಕೆ ತಂದರೆ ‘ಹುಟ್ಟಿ ನೋಡಿದ್ದೇನೋ ಆಯ್ತು, ಆದರೆ...’. (ಜಪಾನಿಯಲ್ಲೂ ನಮ್ಮ ‘ಮಾಡಿ ನೋಡು’ ಥರದ ‘ನೋಡು’ ಇದೆ.) ಅದರಲ್ಲಿ ಕ್ಯಾಮೆರಾ ಶಾಲೆಯ ಹುಡುಗರ ಸಾಲಿನುದ್ದಕ್ಕೂ ಸರಿಯುತ್ತದೆ. ಕಟ್‌. ಈಗ ಅದೇ ಸರಿದಾಟ ಅಪ್ಪನ ಆಫೀಸಿನಲ್ಲಿ, ಮೇಜುಗಳ ಹಿಂದೆ ಕೂತವರು ಆಕಳಿಸುತ್ತಿದ್ದಾರೆ. ಎರಡು ಚಲನೆಗಳ ವೇಗ ಹೊಂದದಿದ್ದರೆ ಈ ನಗೆ ಹುಟ್ಟುತ್ತಲೇ ಇರಲಿಲ್ಲ. ಚಿತ್ರೀಕರಣ, ಸಂಕಲನ ಎರಡೂ ಒಬ್ಬರ ಕೈಯಲ್ಲಿದ್ದರೆ ಆಗುವ ಲಾಭ ಇದು ಎಂದು ನನ್ನ ಅನಿಸಿಕೆ.

1931ರಲ್ಲೇ ಶೋಚಿಕು ಟಾಕಿ ತಂದಿತ್ತು, ತ್ಸುಚಿಹಾಶಿ ಧ್ವನಿಮುದ್ರಣ ಪದ್ಧತಿಯಲ್ಲಿ. ಒಜು ಮಾತ್ರ 1936ರವರೆಗೆ ಮಾತಿನ ಕಥಾಚಿತ್ರ ಮಾಡಲಿಲ್ಲ. ಹಟಮಾರಿ ಎಂದು ಬರೆದು ಬಿಡಬೇಡಿ. ಶಿಗೆಹಾರ ತಮ್ಮದೇ ಒಂದು ಧ್ವನಿಮುದ್ರಣ ಪದ್ಧತಿ ರೂಪಿಸುತ್ತಿದ್ದರು, ಅದು ಸಿದ್ಧವಾಗುವವರೆಗೆ ಕಾಯುತ್ತೇನೆಂದು ಒಜು ಮಾತು ಕೊಟ್ಟಿದ್ದರು.

1936ರ ಆ ಮೊದಲ ಮಾತಿನ ಚಿತ್ರ ‘ಒಬ್ಬನೇ ಮಗ’. ಅಷ್ಟರಲ್ಲಿ ಸ್ಟುಡಿಯೋ ಕಮಾಟಾ ಬಿಟ್ಟು ಒಫುನಾ ಎಂಬ ಊರಿಗೆ ಹೋಗಿತ್ತು. ಅಲ್ಲಿ ತ್ಸುಚಿಹಾಶಿಯದೇ ಪದ್ಧತಿ, ಶಿಗೆಹಾರ ಅವರದು ನಡೆಯುವಂತಿರಲಿಲ್ಲ. ಹಾಗಾಗಿ ಖಾಲಿ ಬಿದ್ದ ಕಮಾಟಾದಲ್ಲೇ ಚಿತ್ರೀಕರಣ. ಹಗಲು ರೈಲಿನ ಸದ್ದು, ಆದ್ದರಿಂದ ಮಧ್ಯರಾತ್ರಿಯಿಂದ ಬೆಳಗಿನ ಐದರವರೆಗೆ ಕೆಲಸ. ಇಲ್ಲೊಂದು ಎಚ್ಚರಿಕೆ: ಈ ಚಿತ್ರದ ಛಾಯಾಗ್ರಾಹಕ ಶೋಜಿರೊ ಸುಗಿಮೊಟೊ, ಶಿಗೆಹಾರ ಅವರದು ಧ್ವನಿ. ಮುಂದೆ ಒಜು ಅವರ ಕ್ಯಾಮೆರಾ ಶಿಗೆಹಾರ ಅವರ ಸಹಾಯಕರಾಗಿದ್ದ ಯೂಹಾರು ಅತ್ಸುತಾ ಕೈಗೆ ಬಂತು.

ಚಿತ್ರದಲ್ಲಿ ತಾಯಿಯಾದವರು ಚೋಕೊ ಈದಾ, ಶಿಗೆಹಾರ ಅವರ ಹೆಂಡತಿ. ಊರಿನಿಂದ ಬಂದ ಅಮ್ಮನನ್ನು ಮಗ ಟೋಕಿಯೊದ ಚಿತ್ರಮಂದಿರಕ್ಕೆ ಕರೆದೊಯ್ಯುತ್ತಾನೆ, ಇದೇ ಟಾಕಿ ಅಮ್ಮ ಎಂದು ತೋರಿಸುತ್ತಾನೆ. ಪರದೆ ಮೇಲೆ ಜರ್ಮನ್‌ ಚಿತ್ರ. ಗಂಡ ವರ್ಷಗಟ್ಟಲೆ ತಿಣುಕಿ ಕಟ್ಟಿದ ಯಂತ್ರ ಓಡುತ್ತಿದೆ, ಹೆಂಡತಿ ತೂಕಡಿಸುತ್ತಿದ್ದಾಳೆ.