ಪಾಥೆ ಫ್ರೇರ್ ನೋಟ್ಸ್: ರೀಲ್ ಮಾರೋದು ಬಿಟ್ಟು ಬಾಡಿಗೆಗೆ ಕೊಟ್ಟ ಹುಂಜದ ಕಂಪನಿ

ಸಿನಿಮಾ ಇತಿಹಾಸದ ಮೂಕಿ ಸಿನಿಮಾ ಚಾಪ್ಟರ್‌ನಲ್ಲಿ ಲೂಮಿಯೇರ್, ಮೆಲಿಯೆಸ್ ಅಂತ ಮೊದಮೊದಲ ಫ್ರೆಂಚ್ ಸಿನಿಮಾದವರ ಹೆಸರು ಉರು ಹೊಡೆದು, ಪಾಥೆ ಅನ್ನೋ ಫ್ರೆಂಚ್ ಫಿಲ್ಮ್ ಕಂಪನಿನ ಎರಡು ಸಾಲಲ್ಲಿ ಮುಗಿಸಿಬಿಡ್ತೀವಿ, ನಾನೂ ಹಂಗೇ ಮಾಡಿದ್ದೆ. ಆದ್ರೆ ಸಿನಿಮಾ ದೊಡ್ಡ ಬಿಸಿನೆಸ್ ಆಗಿದ್ದು ಹೆಂಗೆ ಅಂತ ಕೇಳಿದ್ರೆ ಇಲ್ಲಿಗೇ ಬರಬೇಕು.

ಶುರುವಾಗಿದ್ದು 1896, ಪ್ಯಾರಿಸ್. ಪಾಥೆ ಮನೆತನದ ಹೆಸರು, ಫ್ರೇರ್ ಅಂದ್ರೆ ಅಣ್ಣತಮ್ಮಂದಿರು. ಎಮಿಲ್ ಫೋನೋಗ್ರಾಫ್ (ರೆಕಾರ್ಡ್ ಮಾಡಿದ ಧ್ವನಿ ಕೇಳಿಸೋ ಮೆಷಿನ್) ಕಡೆ, ಶಾರ್ಲ್ ಸಿನಿಮಾ ಕಡೆ. ಈ ಶಾರ್ಲ್ ಮೊದಲು ಜಾತ್ರೆಗಳಲ್ಲಿ ಎಡಿಸನ್ ಫೋನೋಗ್ರಾಫ್ ಕೇಳಿಸಿ ಕಾಸು ಮಾಡಿದವನು, ಹಾಗಾಗಿ ಟೆಂಟ್ ಹಾಕ್ಕೊಂಡು ಊರೂರು ಸುತ್ತೋರ ಕಷ್ಟಸುಖ ಅವನಿಗೆ ಚೆನ್ನಾಗಿ ಗೊತ್ತಿತ್ತು. ಪ್ಯಾರಿಸ್ ಪಕ್ಕದ ವ್ಯಾನ್ಸೆನ್‌ನಲ್ಲಿ ಸ್ಟುಡಿಯೋ, ಅಲ್ಲಿ ಡೈರೆಕ್ಟರ್ ಫರ್ಡಿನಾಂಡ್ ಝೆಕ್ಕಾ ಉಸ್ತುವಾರಿ, ಆಮೇಲೆ ನಟ ಮ್ಯಾಕ್ಸ್ ಲಿಂಡರ್ ಕಾಮಿಡಿಗಳು. ಮಾಸ್ಕೋ, ನ್ಯೂಯಾರ್ಕ್, ಲಂಡನ್ ಎಲ್ಲಾ ಕಡೆ ಬ್ರಾಂಚ್, 1907ಕ್ಕೆ ಇಂಡಿಯಾದಲ್ಲೂ ಆಫೀಸ್.

ಈಗ ಮುಖ್ಯವಾದ ಪಾಯಿಂಟ್. ಆಗ ಫಿಲ್ಮನ್ನ ಬಟ್ಟೆ ಥರ ಮೀಟರ್ ಲೆಕ್ಕದಲ್ಲಿ ಮಾರ್ತಿದ್ರು. ಕೊಂಡೋನು ರೀಲ್ ಸವೆದು ಗೀರು ಬಿದ್ದು ಪರದೆ ಮೇಲೆ ಬರೀ ಮಳೆ ಸುರಿಯೋವರೆಗೂ ಓಡಿಸಿ, ಆಮೇಲೆ ಇನ್ನೊಬ್ಬನಿಗೆ ಅಗ್ಗಕ್ಕೆ ದಾಟಿಸ್ತಿದ್ದ, ಅಂದ್ರೆ ಪಾಥೆಯ ಹೊಸ ಫಿಲ್ಮಿಗೆ ಪಾಥೆಯ ಹಳೇ ರೀಲೇ ಕಾಂಪಿಟಿಷನ್! 1907ರಲ್ಲಿ ಶಾರ್ಲ್ ಇನ್ಮೇಲೆ ಮಾರಾಟ ಇಲ್ಲ, ಬಾಡಿಗೆ ಮಾತ್ರ ಅಂದ. ರೀಲ್ ಕಂಪನಿಗೆ ವಾಪಸ್ ಬರಬೇಕು. ಜಾತ್ರೆ ಟೆಂಟಿನೋರಿಗೆ ಇದು ದೊಡ್ಡ ಹೊಡೆತ, ಕಾಯಂ ಥಿಯೇಟರ್ ಇದ್ದೋರಿಗೆ ಲಾಭ. ನನ್ನ ಪ್ರಕಾರ ಅವರ ಯಾವ ಫಿಲ್ಮಿಗಿಂತಲೂ ದೊಡ್ಡ ಕೆಲಸ ಇದು.

ಫಿಲ್ಮನ್ನ ಕಾಪಿ ಮಾಡಿ ಕದಿಯೋರ ಕಾಟನೂ ಇತ್ತು. ಅದಕ್ಕೆ ಕಂಪನಿ ಗುರುತಾದ ಹುಂಜನ ಸೆಟ್‌ ಒಳಗೇ ಇಡ್ತಿದ್ರು. ಹಳೇ ಪಾಥೆ ಫಿಲ್ಮ್ ನೋಡುವಾಗ ಗೋಡೆ ಕಡೆ ಗಮನಿಸಿ, ಕಥೆಗೆ ಸಂಬಂಧವೇ ಇಲ್ಲದ ಹುಂಜ ಸುಮ್ನೆ ನಿಂತಿರುತ್ತೆ :)

ಕಲರ್ ವಿಷಯಕ್ಕೆ ಬಂದ್ರೆ ಅದು ಸ್ಟೆನ್ಸಿಲ್. ಒಂದೊಂದು ಬಣ್ಣಕ್ಕೂ ಬೇರೆ ಬೇರೆ ಫಿಲ್ಮ್ ಪಟ್ಟಿ, ಬಣ್ಣ ಬರಬೇಕಾದ ಜಾಗವನ್ನ ಫ್ರೇಮ್ ಫ್ರೇಮಾಗಿ ಕತ್ತರಿಸಿ ತೆಗೀಬೇಕು, ಆ ಪಟ್ಟಿನ ಪ್ರಿಂಟ್ ಮೇಲೆ ಕೂರಿಸಿ ಬಣ್ಣ ಹಚ್ಚಬೇಕು. ಇದನ್ನ ಮಾಡ್ತಿದ್ದೋರು ಸಾಲಾಗಿ ಕೂತ ಹೆಣ್ಣುಮಕ್ಕಳು, ಅವರ ಹೆಸರು ಟೈಟಲ್ ಕಾರ್ಡಲ್ಲಿ ಬರ್ಲಿಲ್ಲ ಬಿಡಿ.

1914ರಲ್ಲಿ ಅಮೆರಿಕದ ಬ್ರಾಂಚಿಂದ ನಟಿ ಪರ್ಲ್ ವೈಟ್ ಇದ್ದ ಸೀರಿಯಲ್ (ಕಂತು ಕಂತಾಗಿ ಬರೋ ಸಿನಿಮಾ) ಸೂಪರ್ ಹಿಟ್, ಅದೇ ವರ್ಷ ಯುರೋಪಲ್ಲಿ ಯುದ್ಧ, ಫ್ರಾನ್ಸ್‌ನ ಕೆಲಸಗಾರರು ಸೇನೆಗೆ ಹೋದ್ರು, ಮಾರ್ಕೆಟ್ ಹಾಲಿವುಡ್ ಪಾಲಾಯ್ತು. ಆಮೇಲೆ ಶಾರ್ಲ್ ಒಂದೊಂದೇ ಭಾಗ ಮಾರ್ತಾ ಬಂದ. ಮಧ್ಯದಲ್ಲಿ 1922ರಲ್ಲಿ ಮನೆಬಳಕೆಗೆ ಪಾಥೆ ಬೇಬಿ ಅಂತ ಪುಟ್ಟ ಪ್ರೊಜೆಕ್ಟರ್, 9.5 ಎಂಎಂ ಫಿಲ್ಮು, ತೂತು ಅಂಚಲ್ಲಿಲ್ಲ, ಎರಡು ಫ್ರೇಮ್ ನಡುವೆ. ಮಾತು ಬರೆದ ಟೈಟಲ್ ಬಂದಾಗ ಫಿಲ್ಮಿನ ಅಂಚಲ್ಲಿರೋ ಒಂದು ಕಚ್ಚು ಮೆಷಿನ್ನಿಗೆ ನಿಲ್ಲು ಅನ್ನುತ್ತೆ, ಓದೋವರೆಗೂ ಒಂದೇ ಫ್ರೇಮ್ ನಿಂತಿರುತ್ತೆ, ಅಷ್ಟು ಫಿಲ್ಮ್ ಉಳೀತು. ಮೀಟರ್ ಲೆಕ್ಕದ ಬುದ್ಧಿ ಕೊನೇವರೆಗೂ ಹೋಗ್ಲಿಲ್ಲ ನೋಡಿ. 1927ರಲ್ಲಿ ಫಿಲ್ಮ್ ಫ್ಯಾಕ್ಟರಿ ಕೊಡಾಕ್ ಜೊತೆ ಸೇರ್ತು, 1929ರಲ್ಲಿ ಕಂಪನಿ ಬೆರ್ನಾರ್ ನತಾನ್ ಅನ್ನೋ ಪ್ರೊಡ್ಯೂಸರ್ ಕೈಗೆ ಹೋಯ್ತು.