ಜುಬಿಲಿ ಸಿನಿಮಾದಲ್ಲಿ ಬೆಂಕಿ ಪಕ್ಕ ಬ್ಯಾಲೆ ಮಾಡೋ ಹುಡುಗಿ ಆಮೇಲೆ ಯಾಕೆ ಕಾಣಿಸ್ಲೇ ಇಲ್ಲ?

ಜುಬಿಲಿ ತೆಗೆದ ಬ್ರಿಟಿಷ್ ನಿರ್ದೇಶಕ ಡೆರೆಕ್ ಜಾರ್ಮನ್ ಸಿನಿಮಾಗಳ ಬಗ್ಗೆ ಮಾತು ಬಂದಾಗಲೆಲ್ಲ ಯಾರಾದ್ರೂ ಒಬ್ರು ಇದನ್ನ ಕೇಳೇ ಕೇಳ್ತಾರೆ. ಅಷ್ಟು ಚೆನ್ನಾಗಿ ಸ್ಕ್ರೀನ್ ತುಂಬ್ಕೊಂಡವ್ರು ಆಮೇಲೆ ಎಲ್ಲಿಗೆ ಹೋದ್ರು ಅಂತ.

ಅವ್ರ ಹೆಸರು ಜೋರ್ಡನ್, ಅಷ್ಟೇ, ಹಿಂದೆ ಮುಂದೆ ಏನೂ ಇಲ್ಲ. ಅಪ್ಪ ಅಮ್ಮ ಇಟ್ಟಿದ್ದು ಪಮೇಲಾ ರೂಕ್, ಹುಟ್ಟಿದ್ದು 1955ರಲ್ಲಿ, ಇಂಗ್ಲೆಂಡಿನ ದಕ್ಷಿಣದ ಕಡಲ ತೀರದ ಸೀಫರ್ಡ್ ಅನ್ನೋ ಸಣ್ಣ ಊರಲ್ಲಿ. ನಿಜ ಹೇಳ್ಬೇಕಂದ್ರೆ ಅವ್ರು ನಟಿ ಆಗ್ಬೇಕು ಅಂತ ಬಂದವ್ರೇ ಅಲ್ಲ, ಬಟ್ಟೆ ಅಂಗಡೀಲಿ ಕೆಲಸಕ್ಕಿದ್ದವ್ರು. ಅಂಗಡಿ ಮಾತ್ರ ಸಾಮಾನ್ಯದ್ದಲ್ಲ, ಲಂಡನ್ನಿನ ಕಿಂಗ್ಸ್ ರೋಡ್ 430ರಲ್ಲಿ ವಿವಿಯನ್ ವೆಸ್ಟ್‌ವುಡ್ ಮತ್ತೆ ಮಾಲ್ಕಮ್ ಮೆಕ್‌ಲಾರೆನ್ ನಡೆಸ್ತಿದ್ದ, ಬ್ರಿಟನ್ನಿನಲ್ಲಿ ಪಂಕ್ ಅನ್ನೋ ದಂಗೆಕೋರ ಸಂಗೀತ, ಫ್ಯಾಷನ್ನಿನ ಅಲೆ ಶುರುವಾದ ಜಾಗ. ಜೋರ್ಡನ್ ಕೂದಲನ್ನ ಗೋಪುರದ ಥರ ಮೇಲಕ್ಕೆ ಎತ್ತಿ, ಕಣ್ಣ ಸುತ್ತ ಕಪ್ಪು ಬಳ್ಕೊಂಡು, ರಬ್ಬರ್ ಬಟ್ಟೆ ಹಾಕ್ಕೊಂಡು ದಿನಾ ಸೀಫರ್ಡ್‌ನಿಂದ ಟ್ರೈನಲ್ಲಿ ಬರ್ತಿದ್ರು, ಜನ ಗಲಾಟೆ ಮಾಡ್ತಾರೆ ಅಂತ ರೈಲ್ವೆಯವ್ರೇ ಅವ್ರನ್ನ ಫಸ್ಟ್ ಕ್ಲಾಸಲ್ಲಿ ಕೂರಿಸ್ತಿದ್ರಂತೆ. ನನ್ನ ಪ್ರಕಾರ ಅಸಲಿ ಶೋ ನಡೀತಿದ್ದದ್ದು ಆ ಟ್ರೈನಲ್ಲೇ, ಜಾರ್ಮನ್ ಆಮೇಲೆ ಅದನ್ನ ಕ್ಯಾಮೆರಾ ಮುಂದೆ ತಂದ್ರು ಅಷ್ಟೇ.

ಜಾರ್ಮನ್ ಜೊತೆ ಅವ್ರ ಮೊದಲನೇ ಸಿನಿಮಾ 1976ರ ಸೆಬಾಸ್ಟಿಯಾನೆ, ಡೈಲಾಗ್ ಪೂರ್ತಿ ಲ್ಯಾಟಿನ್‌ನಲ್ಲಿ, ಕೆಳಗೆ ಇಂಗ್ಲಿಷ್ ಸಬ್‌ಟೈಟಲ್. ಅದರಲ್ಲಿ ಜೋರ್ಡನ್‌ದು ಶುರುವಿನ ಪಾರ್ಟಿ ಸೀನಲ್ಲಿ ಸ್ವಲ್ಪ ಹೊತ್ತು ಮಾತ್ರ. ಜುಬಿಲಿ ಬಂದಿದ್ದು 1978ರಲ್ಲಿ. ಮೊದಲನೇ ಎಲಿಜಬೆತ್ ರಾಣಿ ಮಂತ್ರಶಕ್ತಿಯಿಂದ ನಾನೂರು ವರ್ಷ ಮುಂದಕ್ಕೆ ಬಂದು ಹಾಳುಬಿದ್ದ ಲಂಡನ್ ನೋಡೋ ಕಥೆ, ಅದರಲ್ಲಿ ಜೋರ್ಡನ್ ಇತಿಹಾಸ ಬರೆಯೋ ಏಮಿಲ್ ನೈಟ್ರೇಟ್ ಅನ್ನೋ ಪಾತ್ರ. ಸಿನಿಮಾದಲ್ಲಿ ಬರೋ ರೂಲ್ ಬ್ರಿಟಾನಿಯಾ ಅನ್ನೋ ಬ್ರಿಟಿಷ್ ದೇಶಭಕ್ತಿ ಹಾಡು ಅವ್ರೇ ಹಾಡಿದ್ದು ಅನ್ಕೋಬೇಡಿ, ದನಿ ಸೂಝಿ ಪಿನ್ಸ್ ಅವ್ರದ್ದು, ಇವ್ರು ತುಟಿ ಆಡಿಸಿದ್ದು. ಆದ್ರೆ ಡ್ಯಾನ್ಸ್ ಪೂರ್ತಿ ಇವ್ರದ್ದೇ, ಚಿಕ್ಕೋರಿದ್ದಾಗಿಂದ ಬ್ಯಾಲೆ ಕಲ್ತಿದ್ರು. ಅದನ್ನ ಜಾರ್ಮನ್ ಸೂಪರ್ 8 ಅನ್ನೋ ಪುಟ್ಟ ಅಗ್ಗದ ಕ್ಯಾಮೆರಾದಲ್ಲಿ ತೆಗೆದಿದ್ದು, ಫ್ರೇಮ್ ಕಮ್ಮಿ ಹಿಡಿದು ನಿಧಾನಕ್ಕೆ ಓಡಿಸ್ತಿದ್ರು, ಅದಕ್ಕೇ ಆ ಸೀನು ಕನಸಲ್ಲಿ ಕಂಡಂಗೆ ತಡವರಿಸ್ತಾ ಹೋಗುತ್ತೆ. ಕಸದ ನಡುವೆ ಬೆಂಕಿ, ಅದರ ಪಕ್ಕ ಬಿಳಿ ಟುಟು (ಬ್ಯಾಲೆ ಡ್ಯಾನ್ಸಿನ ಸ್ಕರ್ಟು) ಹಾಕ್ಕೊಂಡು ಇವ್ರು. ಮಜಾ ಏನಂದ್ರೆ ವೆಸ್ಟ್‌ವುಡ್‌ಗೆ ಸಿನಿಮಾ ಒಂಚೂರೂ ಹಿಡಿಸ್ಲಿಲ್ಲ, ಜಾರ್ಮನ್‌ಗೆ ಬೈದು ಬರೆದ ಪತ್ರಾನ ಟೀ ಶರ್ಟ್ ಮೇಲೇ ಪ್ರಿಂಟ್ ಮಾಡಿಸಿದ್ರು!

ಹಂಗಾದ್ರೆ ನಟನೆ ಬಿಟ್ಟಿದ್ದು ಯಾಕೆ? ಹಿಡ್ಕೊಂಡಿದ್ರೆ ತಾನೇ ಬಿಡೋದು. ಆಗ್ಲೇ ಅವ್ರು ಆಡಮ್ ಅಂಡ್ ದಿ ಆಂಟ್ಸ್ ಬ್ಯಾಂಡಿನ ಮ್ಯಾನೇಜರ್ ಆಗಿದ್ರು, ಸ್ಟೇಜ್ ಮೇಲೂ ಹಾಡ್ತಿದ್ರು. 1984ರಲ್ಲಿ ಅದೆಲ್ಲ ಸಾಕಾಗಿ ಸೀಫರ್ಡ್‌ಗೇ ವಾಪಸ್ ಹೋಗಿ ಪಶು ಆಸ್ಪತ್ರೇಲಿ ನರ್ಸ್ ಆದ್ರು, ಬರ್ಮೀಸ್ ಬೆಕ್ಕುಗಳನ್ನ ಸಾಕಿದ್ರು. 2022ರ ಏಪ್ರಿಲ್‌ನಲ್ಲಿ ಕ್ಯಾನ್ಸರ್‌ನಿಂದ ತೀರ್ಕೊಂಡ್ರು, ಆಗ 66 ವರ್ಷ. ಮುಂದಿನ ತಿಂಗಳೇ ಸೆಕ್ಸ್ ಪಿಸ್ಟಲ್ಸ್ ಬ್ಯಾಂಡ್ ಬಗ್ಗೆ ಪಿಸ್ಟಲ್ ಅನ್ನೋ ಟಿವಿ ಸೀರೀಸ್ ಬಂತು, ಅದರಲ್ಲಿ ಜೋರ್ಡನ್ ಪಾತ್ರ ಮಾಡಿರೋದು ಗೇಮ್ ಆಫ್ ಥ್ರೋನ್ಸ್‌ನ ಮೇಸಿ ವಿಲಿಯಮ್ಸ್.