ಮದ್ದು, ಹದ್ದು ಮತ್ತು ಕೂಗಿದರೆ ಕೇಳಿಸುವ ಹೆಸರು

ಹೋದ ತಿಂಗಳು ಒಂದು ಭಾನುವಾರ ಬೆಂಗಳೂರಿನ ವಿಜಯನಗರದ ಅಕ್ಕನ ಮನೆಗೆ ಹೋಗಿದ್ದೆ. ಅವಳ ಮಗ ಹಾಲ್‌ನಲ್ಲಿ ಕೂತು ಮೊಬೈಲ್‌ನಲ್ಲಿ ಬಿಜಿಎಂಐ ಎಂಬ ಗುಂಡು ಹಾರಿಸುವ ಆಟ ಆಡುತ್ತಿದ್ದ. ನಾಲ್ವರ ಸ್ಕ್ವಾಡ್, ಸ್ಪೀಕರ್ ಹಾಕಿಕೊಂಡೇ ಮಾತುಕತೆ. ಇದ್ದಕ್ಕಿದ್ದಂತೆ ಗುಂಡಿನ ಸದ್ದು ಜೋರಾಯಿತು. "ನಾಕ್ ಆದೆ ಕಣೋ, ರಿವೈವ್ ಕೊಡೋ! ಲೋ... ಲೋ ನೀನೇ ಕಣೋ, ಕಲ್ಲಿನ ಹಿಂದೆ ಇರೋನು!" ಎಂದು ಗುಂಡು ತಗುಲಿ ಬಿದ್ದ ಒಬ್ಬ, ತನ್ನನ್ನು ಎಬ್ಬಿಸಲು ಕೂಗಿದ. ಕರೆದದ್ದು ತನ್ನನ್ನೇ ಎಂದು ಅಕ್ಕನ ಮಗನಿಗೆ ಹೊಳೆಯುವಷ್ಟರಲ್ಲಿ ಆ ಹುಡುಗನ ಆಟ ಮುಗಿದಿತ್ತು.

ಇವನ ಗೇಮಿಂಗ್ ಹೆಸರು 'ಶ್ಯಾಡೋ ರೀಪರ್'. ವಕ್ರವಕ್ರ ಇಂಗ್ಲಿಷ್ ಅಕ್ಷರ, ಎರಡೂ ಬದಿಗೆ ಒಂದೊಂದು ಕತ್ತಿ. ನೋಡಲು ಚೆನ್ನಾಗಿಯೇ ಇದೆ. ಆದರೆ ಆ ಗಲಾಟೆಯಲ್ಲಿ ಅದನ್ನು ಯಾರೂ ಕೂಗಲಿಲ್ಲ. ಅಷ್ಟು ಉದ್ದದ ಹೆಸರು ಆ ಗಳಿಗೆಯಲ್ಲಿ ಬಾಯಿಗೆ ಬರುವುದಿಲ್ಲ, ಅಲ್ವಾ?

ನಮ್ಮ ಬೀದಿ ಕ್ರಿಕೆಟ್‌ನಲ್ಲಿ ಈ ತೊಂದರೆ ಇರಲೇ ಇಲ್ಲ. ಶ್ರೀನಿವಾಸ ಸೀನ ಆಗುತ್ತಿದ್ದ. ಕೃಷ್ಣ ಕಿಟ್ಟಿ, ನಾರಾಯಣ ನಾಣಿ, ವೆಂಕಟೇಶ ವೆಂಕಿ. ಗಮನಿಸಿ ನೋಡಿ, ಎಲ್ಲವೂ ಎರಡೇ ಅಕ್ಷರ. ಶ್ರೀ, ಷ್ಣ ಇಂಥ ತೊಡಕೆಲ್ಲ ಉದುರಿಹೋಗಿದೆ. ಮೊದಲ ಅಕ್ಷರದ ಮೇಲೆ ಒತ್ತು ಬೀಳುತ್ತದೆ. "ಸೀನಾ, ಕ್ಯಾಚ್!" ಎಂದರೆ ಮೂರು ಮನೆ ಆಚೆಗೂ ಕೇಳಿಸುತ್ತಿತ್ತು. ಯಾರೂ ಕೂತು ಲೆಕ್ಕ ಹಾಕಿ ಇಟ್ಟ ಹೆಸರಲ್ಲ ಇವು. ಕೂಗಿ ಕೂಗಿ ಸವೆದು ಈ ಆಕಾರಕ್ಕೆ ಬಂದವು.

ಇದರ ಹಿಂದೆ ನೆನಪಿನ ವಿಜ್ಞಾನವೂ ಇದೆ. 1975ರಲ್ಲಿ ಮನಶ್ಶಾಸ್ತ್ರಜ್ಞ ಅಲನ್ ಬ್ಯಾಡ್ಲಿ ಮತ್ತು ಜೊತೆಗಾರರು ಒಂದು ಸರಳ ವಿಷಯ ತೋರಿಸಿದರು. ಪದಗಳನ್ನು ಮನಸ್ಸಿನಲ್ಲಿ ಹಿಡಿದಿಟ್ಟುಕೊಳ್ಳುವ ನಮ್ಮ ಶಕ್ತಿ, ಸುಮಾರು 2 ಸೆಕೆಂಡಿನಲ್ಲಿ ಎಷ್ಟು ಹೇಳಬಹುದೋ ಅಷ್ಟು. ಹೆಸರು ಗಿಡ್ಡವಾದಷ್ಟೂ ಆ 2 ಸೆಕೆಂಡಿನೊಳಗೆ ಶತ್ರು ಎಲ್ಲಿದ್ದಾನೆ, ಏನು ಮಾಡಬೇಕು ಎಂಬುದಕ್ಕೂ ಜಾಗ ಸಿಗುತ್ತದೆ. ಇನ್ನು ನಮ್ಮ ಹೆಸರಿಗೆ ಕಿವಿಯ ಒಳಗೆ ವಿಶೇಷ ಮರ್ಯಾದೆಯೂ ಉಂಟು. 1959ರಲ್ಲಿ ನೆವಿಲ್ ಮೊರೇ ಎಂಬ ಮನಶ್ಶಾಸ್ತ್ರಜ್ಞ ಜನರ ಎರಡು ಕಿವಿಗೆ ಎರಡು ಬೇರೆ ಮಾತು ಕೇಳಿಸಿ, ಒಂದು ಕಿವಿಯ ಕಡೆಗಷ್ಟೇ ಗಮನ ಕೊಡಲು ಹೇಳಿದ. ಇನ್ನೊಂದು ಕಿವಿಗೆ ಬಿದ್ದ ಮಾತು ಅವರಿಗೆ ಹೆಚ್ಚುಕಡಿಮೆ ಗೊತ್ತೇ ಆಗಲಿಲ್ಲ. ಆದರೆ ಅಲ್ಲಿ ತಮ್ಮ ಹೆಸರು ಬಂದಾಗ ಮೂವರಲ್ಲಿ ಒಬ್ಬರು ಅದನ್ನು ಹಿಡಿದರು. ಗೇಮಿಂಗ್ ಹೆಸರಿಗೂ ಈ ಬಲ ಬರಬೇಕಾದರೆ ಜನ ಅದನ್ನು ಬಾಯಿಂದ ಕರೆಯಬೇಕು. ಸುಮ್ನೆ ಪರದೆ ಮೇಲೆ ತೇಲುವ ಹೆಸರು ನಮ್ಮದಾಗುವುದು ಕಷ್ಟ.

ಹಾಗಾದರೆ ಆಟದ ಶೈಲಿಗೆ ಹೊಂದುವ ಹೆಸರು ಯಾವುದು? ಮೊದಲು ಶೈಲಿ ಯಾವುದು ಅಂತ ಗೊತ್ತಿರಬೇಕು. ಬ್ರಿಟನ್ನಿನ ಗೇಮ್ ಸಂಶೋಧಕ ರಿಚರ್ಡ್ ಬಾರ್ಟಲ್ 1996ರಲ್ಲಿ ಆಟಗಾರರನ್ನು ನಾಲ್ಕು ಬಗೆಯಾಗಿ ನೋಡಿದರು: ಅಂಕ, ಪದವಿ ಗಳಿಸುವವರು, ಮೂಲೆಮೂಲೆ ಹುಡುಕುವವರು, ಜನರ ಜೊತೆ ಬೆರೆಯಲು ಬಂದವರು, ಎದುರಾಳಿಯನ್ನು ಬಗ್ಗುಬಡಿಯುವುದರಲ್ಲೇ ಖುಷಿ ಕಾಣುವವರು. ನಮ್ಮ ಶ್ಯಾಡೋ ರೀಪರ್‌ನ ಆಟವನ್ನು ಅರ್ಧ ಗಂಟೆ ನೋಡಿದೆ. ಅವನು ಕೊಂದದ್ದು ಕಡಿಮೆ. ಬಿದ್ದವರ ಹತ್ತಿರ ಓಡುತ್ತಾನೆ, ಎಬ್ಬಿಸುತ್ತಾನೆ, ತನ್ನ ಬ್ಯಾಂಡೇಜ್ ಕೊಡುತ್ತಾನೆ, ನಡುವೆ ಒಂದೆರಡು ಗ್ರೆನೇಡ್ ಎಸೆಯುತ್ತಾನೆ. "ನಿನಗೆ ಮದ್ದು ಅಂತ ಹೆಸರಿಡಬೇಕಿತ್ತು" ಎಂದೆ. ಸ್ಪೀಕರ್‌ನ ಆ ಕಡೆಯಿಂದ ಮೂವರೂ "ಮದ್ದು! ಮದ್ದು!" ಎಂದು ಕೂಗಿದರು. ಗಾಯಕ್ಕೂ ಮದ್ದು, ಸಿಡಿಯುವುದೂ ಮದ್ದು. ಎರಡೂ ಅವನ ಕೈಯಲ್ಲಿವೆ.

ಉಳಿದವರಿಗೂ ಹುರುಪು ಬಂತು. ದೂರದಿಂದ ಗುರಿಯಿಟ್ಟು ಹೊಡೆಯುವ ಹುಡುಗಿ 'ಹದ್ದು' ಆದಳು. ಒಂದೇ ಮ್ಯಾಚ್‌ನಲ್ಲಿ ಪಜೀತಿ ಶುರುವಾಯಿತು. ಮದ್ದು ಎಂದರೆ ಹದ್ದು ಓಡಿ ಬರುತ್ತಿದ್ದಳು. ಗದ್ದಲದಲ್ಲಿ 'ಹ' ಬರೀ ಉಸಿರು, ಮೊದಲು ಕಳೆದುಹೋಗುವುದೇ ಅದು. ಉಳಿಯುವುದು 'ಅದ್ದು'.

ಗದ್ದಲದಲ್ಲಿ ಯಾವ ಸದ್ದು ಯಾವುದರ ಜೊತೆ ಕಲಸಿಹೋಗುತ್ತದೆ ಎಂದು ಜಾರ್ಜ್ ಮಿಲ್ಲರ್ ಮತ್ತು ಪೆಟ್ರೀಷಿಯಾ ನೈಸ್ಲಿ 1955ರಲ್ಲೇ ಅಳೆದಿದ್ದರು. ಇಂಗ್ಲಿಷಿನ 16 ವ್ಯಂಜನಗಳನ್ನು ಇಟ್ಟುಕೊಂಡು ಮಾಡಿದ ಪ್ರಯೋಗ ಅದು. ಪ, ತ, ಕ ಒಂದರೊಳಗೊಂದು ಬೆರೆತುಹೋಗುತ್ತವೆ. ಮ, ನಗಳ ಮೂಗಿನ ನಾದ ಮಾತ್ರ ಗಟ್ಟಿಯಾಗಿ ಉಳಿಯುತ್ತದೆ. ಸ್ವರಗಳಿಗಂತೂ ಬಲ ಜಾಸ್ತಿ. ಹಾಗಾಗಿ ಒಂದೇ ಸ್ಕ್ವಾಡ್‌ನವರ ಹೆಸರುಗಳಲ್ಲಿ ಸ್ವರಗಳೇ ಬೇರೆ ಬೇರೆ ಇರುವುದು ಒಳ್ಳೆಯದು. ವಿಮಾನದ ಪೈಲಟ್‌ಗಳು ಬಳಸುವ ಆಲ್ಫಾ, ಬ್ರಾವೋ, ಚಾರ್ಲಿ ಪಟ್ಟಿಯನ್ನೂ ಬೇರೆ ಬೇರೆ ಭಾಷೆಯವರ ಕಿವಿಯಲ್ಲಿ ಪರೀಕ್ಷಿಸಿ, 1956ರಲ್ಲಿ ಜಾರಿಗೆ ತಂದರು. ನಮ್ಮ ಹದ್ದು ಕೊನೆಗೆ ಗರುಡ ಆದಳು.

ಹೆಸರಿನ ಸದ್ದಿಗೂ ಒಂದು ಆಕಾರವಿದೆ. ಒಂದು ಮೊನಚು ಚಿತ್ರ, ಒಂದು ದುಂಡು ಚಿತ್ರ ತೋರಿಸಿ ಯಾವುದು ಬೂಬಾ, ಯಾವುದು ಕಿಕಿ ಎಂದು ಕೇಳಿ. ಬಹಳ ಜನ ಮೊನಚಾದದ್ದನ್ನೇ ಕಿಕಿ ಎನ್ನುತ್ತಾರೆ. ವಿ. ಎಸ್. ರಾಮಚಂದ್ರನ್ ಮತ್ತು ಎಡ್ವರ್ಡ್ ಹಬ್ಬಾರ್ಡ್ 2001ರಲ್ಲಿ ಇದು ಶೇಕಡಾ 95 ಎಂದು ಬರೆದಿದ್ದರು. 2022ರಲ್ಲಿ 25 ಭಾಷೆಗಳ 917 ಜನರನ್ನು ಕೇಳಿದಾಗ ಶೇಕಡಾ 72ರ ಆಸುಪಾಸಿಗೆ ಇಳಿಯಿತು. ಆದರೂ ಅದು ದೊಡ್ಡ ಸಂಖ್ಯೆಯೇ. ಕನ್ನಡಿಗರಿಗೆ ಇದನ್ನು ಯಾರೂ ಹೇಳಿಕೊಡಬೇಕಿಲ್ಲ. ಪಟಪಟ, ಚಕಚಕ ಎಂದರೆ ಒಂದು ವೇಗ, ಗುಡುಗುಡು ಎಂದರೆ ಒಂದು ತೂಕ ಕಿವಿಗೆ ಬೀಳುತ್ತದೆ. ನುಗ್ಗಿ ಹೊಡೆಯುವ ರಶರ್‌ಗೆ 'ಕಿಡಿ' ಒಪ್ಪುತ್ತದೆ. ಜಾಗ ಬಿಟ್ಟು ಅಲುಗದವನಿಗೆ 'ಬಂಡೆ' ಸರಿ.

ಸ್ಟೈಲಿಶ್ ಅಕ್ಷರಗಳ ವಿಷಯಕ್ಕೂ ಬರಬೇಕು. ಅದು ಬೇರೆ ಫಾಂಟ್ ಅಂತ ತುಂಬ ಜನ ತಿಳಿದಿದ್ದಾರೆ. ಅಲ್ಲ. ಗಣಿತದಲ್ಲಿ ದಪ್ಪ ಅಕ್ಷರಕ್ಕೆ ಒಂದು ಅರ್ಥ, ಓರೆ ಅಕ್ಷರಕ್ಕೆ ಇನ್ನೊಂದು. ಅದಕ್ಕಾಗಿ ಕಂಪ್ಯೂಟರ್‌ಗಳೆಲ್ಲ ಬಳಸುವ ಅಕ್ಷರಪಟ್ಟಿಯಾದ ಯುನಿಕೋಡ್‌ನ 2001ರ 3.1 ಆವೃತ್ತಿಯಲ್ಲಿ ಹೊಸ ಅಕ್ಷರಗಳ ಗುಂಪನ್ನೇ ಸೇರಿಸಿದರು. ಹುಡುಗರು ಕಾಪಿ ಮಾಡಿ ಅಂಟಿಸುವ ಸ್ಟೈಲಿಶ್ ಹೆಸರುಗಳಲ್ಲಿ ಬಹುಪಾಲು ಅಲ್ಲಿಂದಲೇ ಬಂದವು. ಗೆಳೆಯ ಆ ಹೆಸರನ್ನು ಕೀಬೋರ್ಡ್‌ನಲ್ಲಿ ಟೈಪ್ ಮಾಡಿ ಹುಡುಕಲಾರ. ಕೆಲವು ಫೋನ್‌ಗಳಲ್ಲಿ ಅಕ್ಷರದ ಬದಲು ಬರೀ ಖಾಲಿ ಚೌಕ ಕಾಣುತ್ತದೆ. ಕಣ್ಣು ಕಾಣದವರ ಫೋನ್ ಪರದೆಯನ್ನು ಓದಿ ಹೇಳುತ್ತದಲ್ಲ, ಅದು "ಗಣಿತದ ದಪ್ಪ ದೊಡ್ಡಕ್ಷರ ಎಸ್" ಎಂದು ಒಂದೊಂದನ್ನೇ ಓದಬಹುದು, ಇಲ್ಲವೇ ಹಾರಿಸಿಬಿಡಬಹುದು. ನನಗೆ ಇದು ಬೇಸರದ ಸಂಗತಿ.

ಆ ಗುಂಪಿನಲ್ಲಿ ಕನ್ನಡ ಅಕ್ಷರಗಳಿಲ್ಲ. ಕನ್ನಡದಲ್ಲಿ ನೇರವಾಗಿ ಬರೆಯೋಣ ಎಂದರೆ ಇನ್ನೊಂದು ಲೆಕ್ಕವಿದೆ. 'ಮದ್ದು' ನಮ್ಮ ಕಣ್ಣಿಗೆ ಎರಡು ಅಕ್ಷರ. ಕಂಪ್ಯೂಟರ್‌ಗೆ ಮ, ದ, ಅದನ್ನು 'ದ್' ಮಾಡುವ ಚಿಹ್ನೆ, ದ, ಉಕಾರದ ಕೊಂಬು, ಒಟ್ಟು 5 ಸಂಕೇತ. ಇಂಗ್ಲಿಷ್ ಅಕ್ಷರಕ್ಕೆ 1 ಬೈಟ್ ಸಾಕಾಗುವ ಯುಟಿಎಫ್-8 ಪದ್ಧತಿಯಲ್ಲಿ ಇವಕ್ಕೆ ತಲಾ 3 ಬೈಟ್, ಅಂದರೆ 15 ಬೈಟ್ ಜಾಗ. ಹೆಸರಿಗೆ ಬೈಟ್ ಲೆಕ್ಕದ ಮಿತಿಯಿದ್ದರೆ ಅದು ಬೇಗ ತುಂಬುತ್ತದೆ. ಒತ್ತಕ್ಷರ ಜೋಡಿಸುವ ವ್ಯವಸ್ಥೆ ಇಲ್ಲದ ಕಡೆ ಅದು 'ಮದ್‌ದು' ಎಂದು ಒಡೆದು ಕಾಣುತ್ತದೆ. ಅಂಥ ಕಡೆ ಒತ್ತಿಲ್ಲದ ಕಿಡಿ, ಗರುಡ ಒಡೆಯುವ ಭಯ ಕಡಿಮೆ. ಹೆಸರಿನ ಕೊನೆಗೆ ಹುಟ್ಟಿದ ವರ್ಷ ಮಾತ್ರ ಸೇರಿಸಬೇಡಿ. ಮಕ್ಕಳ ವಯಸ್ಸು ಅಪರಿಚಿತರಿಗೆ ತಿಳಿದುಬಿಡುತ್ತದೆ.

ಬ್ರಿಟನ್ನಿನ ಯಾರ್ಕ್ ವಿಶ್ವವಿದ್ಯಾಲಯದ ಸಂಶೋಧಕರು 2016ರಲ್ಲಿ ಲೀಗ್ ಆಫ್ ಲೆಜೆಂಡ್ಸ್ ಎಂಬ ಆನ್‌ಲೈನ್ ಆಟದ ಆಟಗಾರರ ಹೆಸರುಗಳನ್ನು ಪರಿಶೀಲಿಸಿದಾಗ, ಹೆಸರಿನ ಅಂಕಿಗಳಿಂದ ವಯಸ್ಸಿನ ಸುಳಿವು ಸಿಕ್ಕಿತ್ತು. ಬೈಗುಳದಂಥ ಹೆಸರಿಟ್ಟುಕೊಂಡವರ ನಡವಳಿಕೆಯೂ ಆಟದಲ್ಲಿ ಕೆಟ್ಟದಾಗಿರುವ ಸಾಧ್ಯತೆ ಜಾಸ್ತಿ ಎಂದೂ ಕಂಡಿತ್ತು. ಹೆಸರೇ ಅವರನ್ನು ಕೆಡಿಸಿತು ಎಂದು ಇದರಿಂದ ಹೇಳಲಾಗದು. ಆದರೆ ವೇಷ ಮನುಷ್ಯನನ್ನು ಸ್ವಲ್ಪ ಬದಲಿಸುತ್ತದೆ ಎಂಬುದಕ್ಕೆ ಬೇರೊಂದು ಪ್ರಯೋಗವಿದೆ. 2007ರಲ್ಲಿ ನಿಕ್ ಯೀ ಮತ್ತು ಜೆರೆಮಿ ಬೇಲೆನ್ಸನ್ ಕೆಲವರಿಗೆ ಕಂಪ್ಯೂಟರ್ ಲೋಕದಲ್ಲಿ ಎತ್ತರದ ದೇಹ ಕೊಟ್ಟರು. ಅವರು ಹಣ ಹಂಚಿಕೊಳ್ಳುವ ಚೌಕಾಸಿಯಲ್ಲಿ ಕುಳ್ಳಗಿನ ದೇಹ ಸಿಕ್ಕವರಿಗಿಂತ ಬಿಗಿಯಾಗಿ ನಿಂತರು.

ಆಟ ಮೊದಲು, ಹೆಸರು ಆಮೇಲೆ ಬರುವುದು ನಮ್ಮಲ್ಲಿ ಹಳೆಯ ರೂಢಿ. ಹೊಯ್ಸಳ ವಿಷ್ಣುವರ್ಧನ ಚೋಳರಿಂದ ತಲಕಾಡನ್ನು ಗೆದ್ದ ಮೇಲೆ 'ತಲಕಾಡುಗೊಂಡ' ಆದ. ಇದೇ ಬೆಂಗಳೂರಿನಲ್ಲಿ ಬೆಳೆದ ರಾಹುಲ್ ದ್ರಾವಿಡ್ ಔಟಾಗದೆ ನಿಂತೂ ನಿಂತೂ ಜನರ ಬಾಯಲ್ಲಿ 'ಗೋಡೆ' ಆದರು. ಜೊತೆ ಆಟಗಾರರು ಕರೆಯುತ್ತಿದ್ದದ್ದು ಮಾತ್ರ ಜ್ಯಾಮಿ ಎಂದು. ತಂದೆ ಜ್ಯಾಮ್ ತಯಾರಿಸುವ ಕಂಪನಿಯಲ್ಲಿದ್ದರು. ಅನಿಲ್ ಕುಂಬ್ಳೆ ಜಂಬೋ. ಈ ಕ್ರಿಕೆಟ್ ಹೆಸರು ಮೂರೂ ಎರಡೆರಡೇ ಅಕ್ಷರ, ಮೂರನ್ನೂ ಇಟ್ಟವರು ಬೇರೆಯವರು.

ಮೊನ್ನೆ ಮತ್ತೆ ಅಕ್ಕನ ಮನೆಗೆ ಹೋದೆ. ಹುಡುಗ ರೀನೇಮ್ ಕಾರ್ಡ್ ಬಳಸಿ ಹೆಸರು ಬದಲಿಸಿದ್ದ. ಕತ್ತಿಗಳಿರಲಿಲ್ಲ. ಆಟದ ಬ್ಯಾಗ್ ತೆರೆದು ತೋರಿಸಿದ. ಗುಂಡು ಸ್ವಲ್ಪ, ಫಸ್ಟ್ ಏಡ್ ಕಿಟ್ ರಾಶಿ. "ಇಷ್ಟೊಂದು ಯಾಕೋ?" ಎಂದೆ.

"ಮದ್ದು ಅಂತ ಹೆಸರಿಟ್ಕೊಂಡು ಖಾಲಿ ಕೈಲಿ ಹೋಗಕ್ಕಾಗುತ್ತಾ ಮಾಮ?" ಎಂದ. ಅಷ್ಟರಲ್ಲಿ ಸ್ಪೀಕರ್‌ನಿಂದ "ಮದ್ದೂ!" ಎಂದು ಕೂಗು ಬಂತು. ಅವನ ಹೆಬ್ಬೆರಳು ಆಗಲೇ ಓಡಿತ್ತು.